ರಿಕಾರ್ಡೊನನ್ನು ಎಕ್ಸೆಲ್ ಶೀಟಿಗೆ ಇಳಿಸಿದ್ದು

ಸಂಪ್ರದಾಯ ಪಂಥದ (ಕ್ಲಾಸಿಕಲ್, ಅಂದರೆ ಸ್ಮಿತ್, ರಿಕಾರ್ಡೊ, ಮಾಲ್ಥಸ್ ಮುಂತಾದವರ) ಅರ್ಥಶಾಸ್ತ್ರವನ್ನು ಪಠ್ಯಪುಸ್ತಕಗಳು ತುಂಡು ತುಂಡಾಗಿ ಬಡಿಸುತ್ತವೆ. ಗೇಣಿ ಸಿದ್ಧಾಂತ ಒಂದು ಪಾಠ, ತುಲನಾತ್ಮಕ ವೆಚ್ಚ ಇನ್ನೊಂದು, ಬಂಡವಾಳ ಸಂಚಯನ ಮತ್ತೊಂದು. ಪಾಠ ಹೇಳುವ ನನಗೂ ಇವು ಬಹುಕಾಲ ಬೇರೆ ಬೇರೆಯಾಗಿಯೇ ಇದ್ದವು. ಮೂರನ್ನೂ ಒಂದೇ ಎಕ್ಸೆಲ್ ಶೀಟಿನಲ್ಲಿ ಕಟ್ಟಿ ನೋಡಿದ ಮೇಲೆ, ಇವು ಮೂರು ಸಿದ್ಧಾಂತಗಳಲ್ಲ, ಒಂದೇ ಲೆಕ್ಕ ಅನ್ನಿಸಿತು. ಕೂಲಿ ಕಳೆದು ಉಳಿಯುವ ಮಿಗುತಾಯ ಯಾರ ಕೈ ಸೇರುತ್ತದೆ ಎಂಬ ಲೆಕ್ಕ. ಹೇಗೆ ಕಟ್ಟಿದೆ ಎಂಬುದನ್ನು ಇಲ್ಲಿ ಬರೆಯುತ್ತೇನೆ.

ಶುರು ಮಾಡಿದ್ದು ಆಡಂ ಸ್ಮಿತ್‌ನಿಂದಲ್ಲ, ರಿಕಾರ್ಡೊನಿಂದ. ಸ್ಮಿತ್ 1776ರಲ್ಲಿ ವರ್ಣಿಸಿದ ಗುಂಡುಸೂಜಿ ಕಾರ್ಖಾನೆ (ಹತ್ತು ಜನ, ದಿನಕ್ಕೆ 48,000 ಸೂಜಿ) ಓದಲು ಸೊಗಸು, ಆದರೆ ಲೆಕ್ಕಕ್ಕೆ ಸಿಗುವುದಿಲ್ಲ. ಶ್ರಮ ವಿಭಜನೆಯಿಂದ ಮಾರುಕಟ್ಟೆ ಹಿಗ್ಗುತ್ತದೆ, ಮಾರುಕಟ್ಟೆ ಹಿಗ್ಗಿದಂತೆ ಶ್ರಮ ವಿಭಜನೆ ಹೆಚ್ಚುತ್ತದೆ. ಈ ಸುತ್ತನ್ನು ಯಾವ ಸೆಲ್‌ನಿಂದ ಶುರು ಮಾಡುವುದು? ರಿಕಾರ್ಡೊ ಷೇರುಪೇಟೆಯಲ್ಲಿ ದುಡ್ಡು ಮಾಡಿದವನು. ಅವನ ವಾದಕ್ಕೆ ಸಾಲು, ಕಾಲಂ ತಾವಾಗಿಯೇ ಒದಗುತ್ತವೆ.

ಮೊದಲು ಇಡೀ ಅರ್ಥವ್ಯವಸ್ಥೆಯನ್ನು ಒಂದೇ ಸರಕಿಗೆ ಇಳಿಸಿದೆ: ಧಾನ್ಯ. ಕೂಲಿಯೂ ಧಾನ್ಯ, ಬಂಡವಾಳವೂ ಧಾನ್ಯ, ಬೆಳೆಯೂ ಧಾನ್ಯ. ಹೀಗಾದರೆ ಬೆಲೆಯ ಗೋಜಿಲ್ಲದೆ ಲಾಭದರ ಲೆಕ್ಕ ಹಾಕಬಹುದು. ರಿಕಾರ್ಡೊನ 1815ರ ಪ್ರಬಂಧವನ್ನು ಹೀಗೆ ಓದಬೇಕೆಂದು ಸೂಚಿಸಿದವನು ಅರ್ಥಶಾಸ್ತ್ರಜ್ಞ ಪಿಯೆರೊ ಸ್ರಾಫಾ, 1951ರಲ್ಲಿ ರಿಕಾರ್ಡೊನ ಕೃತಿಗಳನ್ನು ಸಂಪಾದಿಸುವಾಗ. ಆ ಓದು ಸರಿಯೇ ಎಂಬ ಜಗಳ ವಿದ್ವಾಂಸರಲ್ಲಿದೆ. ಶೀಟು ಕಟ್ಟುವವನಿಗೆ ಮಾತ್ರ ಅದು ವರದಾನ.

ಆರು ಹೊಲ, ಫಲವತ್ತಾದದ್ದು ಮೊದಲು. ಪ್ರತಿ ಹೊಲಕ್ಕೆ ಹತ್ತು ಆಳು. ಬೆಳೆ ಕ್ರಮವಾಗಿ 200, 180, 160, 140, 120, 100 ಮೂಟೆ. ಆಳಿಗೆ ವರ್ಷದ ಕೂಲಿ 10 ಮೂಟೆ, ಅಂದರೆ ಹೊಲವೊಂದಕ್ಕೆ 100 ಮೂಟೆ ಬಂಡವಾಳ. ಅಂಕಿಗಳು ನನ್ನವು, ನಿಯಮ ಅವನದು: ಸಾಗುವಳಿಯಲ್ಲಿರುವ ಕೊನೆಯ ಹೊಲಕ್ಕೆ ಗೇಣಿ ಇಲ್ಲ, ಅಲ್ಲಿ ಕೂಲಿ ಕಳೆದು ಉಳಿದದ್ದೇ ಲಾಭ. ಪೈಪೋಟಿಯಿಂದ ಎಲ್ಲ ಹೊಲಗಳಲ್ಲೂ ಲಾಭದರ ಒಂದೇ ಆಗುತ್ತದೆ. ಒಳ್ಳೆಯ ಹೊಲದ ಹೆಚ್ಚುವರಿಯೆಲ್ಲ ಭೂಮಾಲೀಕನಿಗೆ ಗೇಣಿಯಾಗಿ ಹೋಗುತ್ತದೆ.

ಮೊದಲ ಹೊಲ ಮಾತ್ರ ಉತ್ತಾಗ ಲಾಭದರ ಶೇ. 100. ಒಂದೊಂದು ಹೊಲ ಸೇರಿಸಿದಂತೆ 80, 60, 40, 20, ಆರನೆಯದಕ್ಕೆ ಸೊನ್ನೆ. ಇದು ಎಲ್ಲರಿಗೂ ಗೊತ್ತಿರುವ ಕತೆ. ನಾನು ನಿಂತು ನೋಡಿದ್ದು ದರವನ್ನಲ್ಲ, ಒಟ್ಟು ಮೊತ್ತದ ಕಾಲಂಗಳನ್ನು. ಲಾಭದ ಮೊತ್ತ 100, 160, 180 ಎಂದು ಏರಿ, ಆಮೇಲೆ 160, 100, 0 ಎಂದು ಇಳಿಯುತ್ತದೆ. ಗೇಣಿ ಮಾತ್ರ 0, 20, 60, 120, 200, 300. ಮೂರು ಹೊಲವಿದ್ದಾಗ ಒಟ್ಟು ಬೆಳೆ 540, ಆರಾದಾಗ 900. ದೇಶದ ಉತ್ಪನ್ನ ಏರುತ್ತಲೇ ಇದೆ, ಆದರೆ ಬೆಳವಣಿಗೆಯ ಇಂಧನ ಬರಿದಾಗಿದೆ. ಬರೀ ಲಾಭದರದ ರೇಖೆ ಎಳೆದು ಪಾಠ ಮುಗಿಸಿದರೆ ಈ ನಡುವಿನ ತಿರುವು ಕಾಣುವುದೇ ಇಲ್ಲ.

ಇಂಧನ ಅಂದದ್ದು ಯಾಕೆಂದರೆ, ಈ ಪಂಥದವರ ಪ್ರಕಾರ ಉಳಿತಾಯ ಮಾಡುವವನು ಮುಖ್ಯವಾಗಿ ಬಂಡವಾಳಗಾರ. ಕೂಲಿಕಾರನಿಗೆ ಉಳಿಯುವುದೇ ಇಲ್ಲ. ಭೂಮಾಲೀಕ ಆಳುಕಾಳು, ವೈಭೋಗಕ್ಕೆ ಸುರಿಯುತ್ತಾನೆ. ಉತ್ಪಾದಕ ಶ್ರಮ (ಮಾರುವ ಸರಕು ಹುಟ್ಟಿಸುವಂಥದ್ದು), ಅನುತ್ಪಾದಕ ಶ್ರಮ (ಮನೆಯಾಳಿನ ಸೇವೆಯಂಥದ್ದು) ಎಂದು ಸ್ಮಿತ್ ಮಾಡಿದ ವಿಂಗಡಣೆ ಇಲ್ಲಿ ನೇರವಾಗಿ ಕೆಲಸಕ್ಕೆ ಬರುತ್ತದೆ. ಹಾಗಾಗಿ ಸೂತ್ರ ಸರಳ: ಈ ವರ್ಷದ ಲಾಭವೆಲ್ಲ ಮುಂದಿನ ವರ್ಷದ ಕೂಲಿನಿಧಿಗೆ, ಅಂದರೆ ಕೂಲಿ ಕೊಡಲು ಇಟ್ಟ ಧಾನ್ಯಕ್ಕೆ. ಎಳೆದು ನೋಡಿದರೆ ನಿಧಿ 100, 200, 360. ಹತ್ತು ಆಳಿದ್ದ ಕಡೆ ಎರಡೇ ವರ್ಷದಲ್ಲಿ 36 ಆಳು ಎಲ್ಲಿಂದ ಬರಬೇಕು?

ಜನಸಂಖ್ಯೆಯ ಸಿದ್ಧಾಂತಕ್ಕೆ ಹೆಸರಾದ ಮಾಲ್ಥಸ್ ಶೀಟಿನೊಳಗೆ ಬಂದದ್ದು ಹೀಗೆ. ಜನಸಂಖ್ಯೆಗೆ ಬೇರೆ ಕಾಲಂ ಕೊಟ್ಟೆ. ಕೂಲಿ ಅಂದರೆ ನಿಧಿಯನ್ನು ಆಳುಗಳಿಂದ ಭಾಗಿಸಿದ್ದು. ಕೂಲಿ 10ಕ್ಕಿಂತ ಮೇಲಿದ್ದರೆ ಜನ ಹೆಚ್ಚುತ್ತಾರೆ. ಈಗ ಲಾಭ ಇಳಿಯಲು ಎರಡು ಕಾರಣಗಳು ಪ್ರತ್ಯೇಕವಾಗಿ ಕಂಡವು. ಮೂರನೆಯ ಹೊಲದ ಹಂತದಲ್ಲಿ ಕೂಲಿ 12ಕ್ಕೆ ಏರಿದರೆ ಲಾಭದರ ಶೇ. 60ರಿಂದ 33ಕ್ಕೆ ಬೀಳುತ್ತದೆ. ಜನ ಹೆಚ್ಚಿ ಕೂಲಿ ಇಳಿದರೆ ದರ ಚೇತರಿಸಿಕೊಳ್ಳುತ್ತದೆ. ಸಾಗುವಳಿಯ ಅಂಚು ಇನ್ನೂ ಕಳಪೆ ಹೊಲಕ್ಕೆ ಸರಿದುದರಿಂದ ಆದ ಇಳಿತ ಮಾತ್ರ ಹಿಂದಕ್ಕೆ ಬರುವುದಿಲ್ಲ. ಬಂಡವಾಳಗಳ ಪೈಪೋಟಿಯಿಂದಲೇ ಲಾಭ ಕುಸಿಯುತ್ತದೆ ಎಂದ ಸ್ಮಿತ್‌ನ ಜೊತೆ ರಿಕಾರ್ಡೊಗೆ ಯಾಕೆ ತಕರಾರಿತ್ತು ಎಂಬುದು ಇಲ್ಲಿ ತಾನಾಗಿ ತಿಳಿಯುತ್ತದೆ.

ಆ 10 ಎಂಬ ಅಂಕಿಯನ್ನು ಹೊಟ್ಟೆಪಾಡಿನ ಕನಿಷ್ಠ ಎಂದು ಓದುವ ರೂಢಿ ಇದೆ. ರಿಕಾರ್ಡೊ ಹಾಗೆ ಹೇಳಿಲ್ಲ. ಸಹಜ ಕೂಲಿ ಜನರ ರೂಢಿ, ಅಭ್ಯಾಸಗಳ ಮೇಲೆ ನಿಂತಿದೆ ಎಂದ. ಅದನ್ನು ಕಾಯಮ್ಮಾಗಿ 12 ಮಾಡಿ ನೋಡಿ: ಐದನೆಯ ಹೊಲದಲ್ಲೇ ಬೆಳವಣಿಗೆ ನಿಲ್ಲುತ್ತದೆ, ಕಡಿಮೆ ಜನ, ಹೆಚ್ಚು ಕೂಲಿ. 1848ರಲ್ಲಿ ಜಾನ್ ಸ್ಟುವರ್ಟ್ ಮಿಲ್ ಸ್ಥಗಿತ ಸ್ಥಿತಿಗೆ (ಬೆಳವಣಿಗೆ ನಿಂತ ಅರ್ಥವ್ಯವಸ್ಥೆಗೆ) ಹೆದರಬೇಕಿಲ್ಲ ಎಂದದ್ದಕ್ಕೆ ಅಂಕಿಗಳಲ್ಲೇ ಇಂಬಿದೆ.

ಇನ್ನು ವ್ಯಾಪಾರ. ಇಡೀ ಶೀಟಿನಲ್ಲಿ ನನಗೆ ಅತಿ ಖುಷಿ ಕೊಟ್ಟ ಭಾಗ.

ತುಲನಾತ್ಮಕ ವೆಚ್ಚಕ್ಕೆ ಪಠ್ಯಪುಸ್ತಕಗಳು ಕೊಡುವ ರಿಕಾರ್ಡೊನ ಇಂಗ್ಲೆಂಡ್, ಪೋರ್ಚುಗಲ್ ಉದಾಹರಣೆ ಎಲ್ಲರಿಗೂ ಬಾಯಿಪಾಠ. ಇಂಗ್ಲೆಂಡಿನಲ್ಲಿ ಬಟ್ಟೆಗೆ 100 ಜನರ ಶ್ರಮ, ವೈನ್‌ಗೆ 120. ಪೋರ್ಚುಗಲ್‌ನಲ್ಲಿ ಬಟ್ಟೆಗೆ 90, ವೈನ್‌ಗೆ 80. ಇಬ್ಬರಿಗೂ ಸಾಲುವಷ್ಟು ಬಟ್ಟೆಯನ್ನು ಇಂಗ್ಲೆಂಡ್, ವೈನ್ ಅನ್ನು ಪೋರ್ಚುಗಲ್ ಮಾಡಿದರೆ ಒಟ್ಟು ಶ್ರಮ 390ರಿಂದ 360ಕ್ಕೆ ಇಳಿಯುತ್ತದೆ. ಮೂವತ್ತರ ಉಳಿತಾಯ, ಸರಿ. ಇದರಿಂದ ದೇಶ ಬೆಳೆಯುತ್ತದೆಯೇ? ಈ ಉದಾಹರಣೆ ಬರುವ ಅಧ್ಯಾಯದಲ್ಲೇ ರಿಕಾರ್ಡೊ ಕೊಡುವ ಉತ್ತರವನ್ನು ಪಠ್ಯಗಳು ಬಿಟ್ಟುಬಿಡುತ್ತವೆ: ಅಗ್ಗವಾಗಿ ಬರುವ ಸರಕು ಕೂಲಿಕಾರ ಬಳಸುವಂಥದ್ದಾದರೆ ಮಾತ್ರ ಲಾಭದರ ಏರುತ್ತದೆ, ಸಿರಿವಂತರ ಭೋಗದ ವಸ್ತುವಾದರೆ ದರ ಕದಲುವುದಿಲ್ಲ. ಅವನದೇ ವೈನ್ ಅವನದೇ ಲಾಭದರವನ್ನು ಮುಟ್ಟುವುದಿಲ್ಲ!

ಹಾಗಾಗಿ ನಾನು ವೈನ್ ಬಿಟ್ಟು ಧಾನ್ಯವನ್ನೇ ಆಮದು ಮಾಡಿಕೊಂಡೆ. ಐದು ಹೊಲಗಳ ಸ್ಥಿತಿ: ಬೆಳೆ 800, ಕೂಲಿ 500, ಗೇಣಿ 200, ಲಾಭ 100. ಈಗ ಹತ್ತು ಆಳು ನೇಯ್ದ ಬಟ್ಟೆ ಕೊಟ್ಟರೆ ಹೊರದೇಶದಿಂದ 160 ಮೂಟೆ ಬರುತ್ತದೆ ಎಂದಿಟ್ಟುಕೊಳ್ಳಿ. ನಾಲ್ಕನೆಯ, ಐದನೆಯ ಹೊಲಗಳ ಇಪ್ಪತ್ತು ಆಳು ಮಗ್ಗಕ್ಕೆ ಹೋಗುತ್ತಾರೆ. ಒಟ್ಟು ಧಾನ್ಯ 540 ಮತ್ತು 320, ಅಂದರೆ 860. ಕೂಲಿ ಅದೇ 500. ಗೇಣಿ 60ಕ್ಕೆ ಕುಸಿಯಿತು, ಲಾಭ 300ಕ್ಕೆ ಜಿಗಿಯಿತು. ದೇಶಕ್ಕೆ ಹೆಚ್ಚಾಗಿ ಬಂದದ್ದು ಬರೀ 60 ಮೂಟೆ. ಬಂಡವಾಳಗಾರನಿಗೆ ಹೆಚ್ಚಾದದ್ದು 200. ಉಳಿದ 140 ಭೂಮಾಲೀಕನ ಕಣಜದಿಂದ ಬಂದದ್ದು.

ಬ್ರಿಟನ್ನಿನ ಧಾನ್ಯ ಕಾಯಿದೆಗಳ ಮೇಲೆ ಅಷ್ಟೊಂದು ಗುದ್ದಾಟ ಯಾಕಾಯಿತು ಎಂಬುದಕ್ಕೆ ಆ 140ಕ್ಕಿಂತ ಚಿಕ್ಕ ವಿವರಣೆ ನನಗೆ ಗೊತ್ತಿಲ್ಲ. 1815ರ ಕಾಯಿದೆ, ದೇಶದೊಳಗೆ ಗೋಧಿ ಬೆಲೆ ಕ್ವಾರ್ಟರ್‌ಗೆ (ಧಾನ್ಯದ ಒಂದು ಅಳತೆ) 80 ಷಿಲ್ಲಿಂಗ್ ಮುಟ್ಟುವವರೆಗೆ ಹೊರಗಿನ ಗೋಧಿಯನ್ನು ತಡೆದಿತ್ತು. ಅದೇ ವರ್ಷದ ಆರಂಭದಲ್ಲಿ ಮಾಲ್ಥಸ್, ವೆಸ್ಟ್, ಟಾರೆನ್ಸ್, ರಿಕಾರ್ಡೊ ಎಂಬ ನಾಲ್ವರು ಅರ್ಥಶಾಸ್ತ್ರಜ್ಞರೂ ಕೆಲವೇ ವಾರಗಳ ಅಂತರದಲ್ಲಿ ಕಿರುಹೊತ್ತಿಗೆ ಹೊರಡಿಸಿದರು. ಮಾಲ್ಥಸ್ ನಿರ್ಬಂಧದ ಪರ, ರಿಕಾರ್ಡೊ ವಿರುದ್ಧ. ತಮಾಷೆಯೆಂದರೆ ರಿಕಾರ್ಡೊ ಅದಕ್ಕೆ ತುಸು ಮುಂಚೆ, 1814ರಲ್ಲಿ, ಗ್ಯಾಟ್‌ಕಂಬ್ ಪಾರ್ಕ್ ಎಸ್ಟೇಟ್ ಕೊಂಡು ತಾನೇ ಭೂಮಾಲೀಕನಾಗಿದ್ದ. ಕಾಯಿದೆ ರದ್ದಾದದ್ದು 1846ರಲ್ಲಿ, ಅವನು ಸತ್ತು 23 ವರ್ಷಗಳಾದ ಮೇಲೆ.

ಯಂತ್ರಗಳನ್ನು ಸೇರಿಸಲು ಹೋದಾಗ ಶೀಟು ಮೊದಲ ಬಾರಿ ಒರಟಾಯಿತು. ಇಲ್ಲಿಯವರೆಗೆ ಬಂಡವಾಳವೆಂದರೆ ಕೂಲಿ ಮಾತ್ರ. ತನ್ನ ಮುಖ್ಯ ಗ್ರಂಥ ‘ಪ್ರಿನ್ಸಿಪಲ್ಸ್’ನ 1821ರ ಮೂರನೆಯ ಆವೃತ್ತಿಗೆ ರಿಕಾರ್ಡೊ ಸೇರಿಸಿದ ಯಂತ್ರಗಳ ಅಧ್ಯಾಯಕ್ಕೆ ಸ್ಥಿರ ಬಂಡವಾಳದ (ಕಟ್ಟಡ, ಯಂತ್ರಗಳಲ್ಲಿ ತೊಡಗಿದ್ದರ) ಕಾಲಂ ಬೇಕು. ಅಲ್ಲಿ ಅವನ ಅಂಕಿಗಳನ್ನೇ ಬಳಸಿದೆ: 20,000 ಪೌಂಡ್ ಬಂಡವಾಳ, ಅದರಲ್ಲಿ ಸ್ಥಿರ 7,000, ಚರ (ಕೂಲಿಗೆ ಹೋಗುವುದು) 13,000, ಲಾಭ 2,000. ಅರ್ಧ ಆಳುಗಳನ್ನು ಒಂದು ವರ್ಷ ಯಂತ್ರ ಕಟ್ಟಲು ಹಚ್ಚಿದರೆ 7,500ರ ಯಂತ್ರ ಸಿಗುತ್ತದೆ, ಉಳಿದರ್ಧ ಆಳುಗಳಿಂದ 7,500ರ ದಿನಸಿ. ಅದರಲ್ಲಿ ಮಾಲೀಕನ ಲಾಭ ಕಳೆದು ಮುಂದಿನ ವರ್ಷ ಕೂಲಿಗೆ ಉಳಿಯುವುದು 5,500. ಮಾಲೀಕನ ಲಾಭ ಅದೇ 2,000, ಕೂಲಿನಿಧಿ ಅರ್ಧಕ್ಕಿಂತ ಕೆಳಗೆ. ಯಂತ್ರದಿಂದ ಎಲ್ಲರಿಗೂ ಒಳಿತೆಂದು ನಂಬಿದ್ದವನು ಅಭಿಪ್ರಾಯ ಬದಲಿಸಿದ್ದೇನೆಂದು ಅದೇ ಅಧ್ಯಾಯದಲ್ಲಿ ಬರೆದ. ಅಂಕಿ ತುಂಬಿಸಿ ನೋಡುವ ತನಕ ಆ ಅಧ್ಯಾಯ ನನಗೆ ಅನುಬಂಧದಂತೆ ಕಂಡಿತ್ತು. ಈಗ ಅದನ್ನೇ ಮೊದಲು ಓದಿಸುತ್ತೇನೆ.

ಒಂದು ಕಾಲಂ ಮಾತ್ರ ಈ ಶೀಟಿಗೆ ಹೊಂದಲೇ ಇಲ್ಲ: ಬೇಡಿಕೆ. ಉಳಿಸಿದ್ದೆಲ್ಲ ಹೂಡಿಕೆಯಾಗುತ್ತದೆ ಎಂಬುದು ನನ್ನ ಸೂತ್ರದೊಳಗೇ ಹೊಸೆದುಕೊಂಡಿದೆ. ಸೇ ನಿಯಮ (ಪೂರೈಕೆ ತನ್ನ ಬೇಡಿಕೆಯನ್ನು ತಾನೇ ಹುಟ್ಟಿಸುತ್ತದೆ ಎಂಬುದು) ಎಂದು ಬೇರೆ ಸಾಲು ಬರೆಯಬೇಕಿಲ್ಲ. 1820ರಲ್ಲಿ ಮಾಲ್ಥಸ್ ಎತ್ತಿದ ಆಕ್ಷೇಪ ಇದೇ: ಎಲ್ಲರೂ ಉಳಿಸುತ್ತ ಹೋದರೆ ಸರಕು ಕೊಳ್ಳುವವರು ಯಾರು, ಭೂಮಾಲೀಕನ ಖರ್ಚು ಅಷ್ಟೊಂದು ವ್ಯರ್ಥವೇ? ಧಾನ್ಯವೊಂದೇ ಇರುವ ಲೋಕದಲ್ಲಿ ಈ ಪ್ರಶ್ನೆ ಕೇಳಲೂ ಬರುವುದಿಲ್ಲ, ಏಕೆಂದರೆ ಅಲ್ಲಿ ಮಾರಾಟವೇ ಇಲ್ಲ. ಮಾಲ್ಥಸ್‌ಗೆ ನ್ಯಾಯ ಒದಗಿಸಲು ಎರಡು ಸರಕು, ಹಣ, ಬೆಲೆ ಎಲ್ಲ ಬೇಕಾಗುತ್ತದೆ. ಅದಕ್ಕೆ ಬೇರೆಯದೇ ಶೀಟು ಕಟ್ಟುತ್ತಿದ್ದೇನೆ, ಮತ್ತು ಅದರಲ್ಲಿ ಈಗಾಗಲೇ ಬೆಲೆಗಳು ಲಾಭದರವನ್ನು, ಲಾಭದರ ಬೆಲೆಗಳನ್ನು ಕಾಯುತ್ತ ಕುಳಿತು, ಎಕ್ಸೆಲ್ ಆವರ್ತ ಸೂತ್ರದ ಎಚ್ಚರಿಕೆ ತೋರಿಸುತ್ತಿದೆ.