ನಗೆಮಾತಿನ ತಿರುವು ವಾಕ್ಯದ ಕೊನೆಯಲ್ಲಿರಲಿ

ರಾಜ್ಯೋತ್ಸವದ ವೇದಿಕೆಯಲ್ಲಿ ಹಾಸ್ಯ ಭಾಷಣ ಮಾಡಲಿರುವ ಸದಸ್ಯರಿಗೆ ಒಂದು ಸಲಹೆ. ಬಿಗಿಯಾಗಿ ಬೆಳೆದ ನಿರೀಕ್ಷೆ ಇದ್ದಕ್ಕಿದ್ದಂತೆ ಬರಿದಾದಾಗ ನಗು ಹುಟ್ಟುತ್ತದೆಂದು ಜರ್ಮನ್ ತತ್ತ್ವಜ್ಞಾನಿ ಇಮ್ಯಾನುಯೆಲ್ ಕಾಂಟ್ 1790ರಲ್ಲೇ ವಿವರಿಸಿದ್ದರು. ಕನ್ನಡದಲ್ಲಿ ಕ್ರಿಯಾಪದವೂ ‘ಇಲ್ಲ’, ‘ಅಲ್ಲ’ ಎಂಬ ನಿಷೇಧವೂ ಸಾಮಾನ್ಯವಾಗಿ ವಾಕ್ಯದ ತುದಿಗೆ ಬರುವುದರಿಂದ, ಕೇಳುಗರ ಊಹೆಯನ್ನು ಕೊನೆಯ ಪದದವರೆಗೂ ಒಂದೇ ದಾರಿಯಲ್ಲಿ ನಡೆಸಿ, ಅಲ್ಲಿ ತಿರುಗಿಸುವ ಅನುಕೂಲ ನಮಗೆ ಸಹಜವಾಗಿಯೇ ಒದಗಿದೆ.

ಉದಾಹರಣೆಗೆ, “ಮದುವೆಯಾದಾಗಿನಿಂದ ನಮ್ಮ ಯಜಮಾನರು ನನ್ನ ಒಂದು ಮಾತನ್ನೂ ಮೀರಿಲ್ಲ, ಏಕೆಂದರೆ ಒಂದನ್ನೂ ಕೇಳಿಸಿಕೊಂಡಿಲ್ಲ” ಎನ್ನುವಾಗ ಮೊದಲ ಭಾಗವನ್ನು ಮನಸಾರೆ ಮೆಚ್ಚಿದ ಧ್ವನಿಯಲ್ಲೇ ಹೇಳಬೇಕು, ಸಭೆಯಲ್ಲಿ ಯಾರಾದರೂ ತಲೆದೂಗುವಷ್ಟು ಹೊತ್ತು ತಡೆದು, ಅನಂತರವೇ ಎರಡನೆಯ ಭಾಗಕ್ಕೆ ಬರಬೇಕು. ಕೇಳಿಸಿಕೊಳ್ಳದ ವಿಷಯವನ್ನು ಮೊದಲು ಹೇಳಿದರೆ ಅದೇ ಸಂಗತಿ ಬರಿಯ ದೂರಾಗಿಬಿಡುತ್ತದೆ. ‘ಈಗೊಂದು ತಮಾಷೆ ಹೇಳುತ್ತೇನೆ’ ಎಂಬ ಪೀಠಿಕೆಯನ್ನು ದಯವಿಟ್ಟು ಬಿಡಿ. ಅದು ಕೇಳುಗರನ್ನು ಮೊದಲೇ ಎಚ್ಚರಿಸುತ್ತದೆ. ತಿರುವಿನ ನಂತರ ವಿವರಣೆಯ ಒಂದಕ್ಷರವೂ ಬೇಡ, ನಗು ತಗ್ಗುವವರೆಗೆ ಸುಮ್ಮನಿರಿ. ಇದೇ ಬಗೆಯ ತಿರುವನ್ನು ಸಾಲಾಗಿ ಬಳಸಿದರೆ ಜನ ಅದನ್ನೇ ಎದುರುನೋಡತೊಡಗುತ್ತಾರೆ. ಆದ್ದರಿಂದ ನಡುನಡುವೆ ತಿರುವಿಲ್ಲದ ನೇರ ಪ್ರಸಂಗಗಳನ್ನೂ ಹೇಳಿ.