ಬೈಲಾದಲ್ಲಿ ಅವಧಿ ಮಿತಿ: ನಾವು ದಕ್ಕಿಸಿಕೊಂಡ ಬಗೆ

ಸಂಘದ ಪದಾಧಿಕಾರಿಗಳು ಇಷ್ಟು ವರ್ಷಕ್ಕಿಂತ ಹೆಚ್ಚು ಕಾಲ ಕುರ್ಚಿಯಲ್ಲಿ ಇರಬಾರದೆಂದು ಬೈಲಾದಲ್ಲಿ, ಅಂದರೆ ಸಂಘದ ನಿಯಮಾವಳಿಯಲ್ಲಿ, ಬರೆಸಹೊರಟೆ. ಇದು ಆಗುವ ಹೋಗುವ ಮಾತಲ್ಲ ಎಂದು ನನಗೆ ಬುದ್ಧಿ ಹೇಳಿದವರಲ್ಲಿ ಇಬ್ಬರು ವಕೀಲರು, ಒಬ್ಬ ನಿವೃತ್ತ ಸಹಕಾರ ಇಲಾಖೆ ಅಧಿಕಾರಿ, ನಮ್ಮ ಅಕ್ಕಪಕ್ಕದ ಮೂರು ನಾಲ್ಕು ಸಂಘಗಳ ಕಾರ್ಯದರ್ಶಿಗಳು ಇದ್ದರು. 2024ರ ಮಹಾಸಭೆಯಲ್ಲಿ ನಮ್ಮ ಬಡಾವಣೆ ಕ್ಷೇಮಾಭಿವೃದ್ಧಿ ಸಂಘದ ಹಳೆಯ ಅಧ್ಯಕ್ಷರು, ಅವರ ಜೊತೆ ಇನ್ನಿಬ್ಬರು, ನಾಮಪತ್ರ ಹಾಕುವಂತೆಯೇ ಇರಲಿಲ್ಲ. ಹಾಕಲೂ ಇಲ್ಲ. ಸುಮಾರು ಹದಿನಾಲ್ಕು ವರ್ಷದ ಮೇಲೆ ಮೊದಲ ಬಾರಿಗೆ ಅವಿರೋಧ ಆಯ್ಕೆ ತಪ್ಪಿ ಚುನಾವಣೆ ನಡೆಯಿತು. ಈಗ ಅದೇ ಕಾರ್ಯದರ್ಶಿಗಳು ಫೋನ್ ಮಾಡಿ ಬೈಲಾ ಪ್ರತಿ ಕೇಳುತ್ತಿದ್ದಾರೆ.

ಕೋರಂ, ನೋಟಿಸು, ನಡಾವಳಿ ಪುಸ್ತಕ ಇವೆಲ್ಲ ನಿಮಗೆ ಗೊತ್ತಿರುವುದೇ. ನಾವು 1960ರ ಕರ್ನಾಟಕ ಸಂಘಗಳ ನೋಂದಣಿ ಕಾಯ್ದೆಯಡಿ ಇರುವವರು. ಸಹಕಾರ ಸಂಘದವರ ಕಥೆ ಬೇರೆ, ಅವರಿಗೆ ಕಾಯ್ದೆಯೇ ಬಹಳಷ್ಟನ್ನು ಕಟ್ಟಿಹಾಕಿದೆ.

ಮೊದಲ ಪ್ರಯತ್ನ 2013ರ ಸುಮಾರಿಗೆ. ಯಾವುದೇ ಪದಾಧಿಕಾರಿ ಎರಡು ಅವಧಿ ಮುಗಿಸಿದರೆ ಆಜೀವ ನಿಷೇಧ, ಅದೂ ಹಿಂದಿನಿಂದಲೇ ಲೆಕ್ಕ ಹಿಡಿದು. ವಕೀಲರಿಗೆ ಕರಡಿಗೆಂದು ಹದಿನೈದು ಸಾವಿರ ಕೊಟ್ಟೆವು. ಸಭೆಯಲ್ಲಿ ಓದಿ ಮುಗಿಸುವ ಮೊದಲೇ ಅದು ಸತ್ತಿತ್ತು. ಪರವಾಗಿ ಹದಿನೈದೋ ಹದಿನಾರೋ ಕೈ ಎದ್ದವು. ಎದ್ದು ನಿಂತು ವಿರೋಧಿಸಿದವರು ಅಧ್ಯಕ್ಷರಲ್ಲ, ಅವರಿಂದ ಮನೆಗೆ ನೀರಿನ ಸಂಪರ್ಕ ಬೇಗ ಮಾಡಿಸಿಕೊಂಡವರು. ‘ಖರ್ಗೆಯವರು 1972ರಿಂದ 2008ರವರೆಗೆ ಸಾಲಾಗಿ ಒಂಬತ್ತು ಸಲ ವಿಧಾನಸಭೆ ಗೆದ್ದರು, ಅವರನ್ನು ಯಾರು ತಡೆದರು? ಶಾಸಕರಿಗಿಲ್ಲದ ಮಿತಿ ನಮಗೇಕೆ?’ ಎಂದು ಒಬ್ಬರು ಕೇಳಿದರು. ಜನ ಚಪ್ಪಾಳೆ ತಟ್ಟಿದರು.

ಪ್ರಶ್ನೆ ದಡ್ಡತನದ್ದಲ್ಲ. ಶಾಸಕರ ಅರ್ಹತೆ, ಅನರ್ಹತೆಗಳು ಸಂವಿಧಾನದ 173 ಮತ್ತು 191ನೇ ವಿಧಿ, 1951ರ ಪ್ರಜಾಪ್ರಾತಿನಿಧ್ಯ ಕಾಯ್ದೆ ಇವುಗಳಿಂದ ಬರುತ್ತವೆ. ಹೊರಗಿನಿಂದ ಇನ್ನೊಂದು ಷರತ್ತನ್ನು ಯಾರೂ ಸೇರಿಸಲಾರರು. ಅಮೆರಿಕದ ಆರ್ಕನ್ಸಾ ರಾಜ್ಯ ತನ್ನ ಸಂಸದರಿಗೆ ಅವಧಿ ಮಿತಿ ಹಾಕಿದಾಗ ಅಲ್ಲಿನ ಸುಪ್ರೀಂ ಕೋರ್ಟ್ 1995ರಲ್ಲಿ ನಾಲ್ಕರ ವಿರುದ್ಧ ಐದು ಮತಗಳಿಂದ ಅದನ್ನು ಹೊಡೆದುಹಾಕಿದ್ದೂ ಇದೇ ತರ್ಕದ ಮೇಲೆ. ಆದರೆ ನಮ್ಮಂಥ ಸಂಘಕ್ಕೆ ಬೈಲಾವೇ ಸಂವಿಧಾನ. ಸದಸ್ಯರು ವಿಶೇಷ ನಿರ್ಣಯ ಮಾಡಿ, ಜಿಲ್ಲಾ ನೋಂದಣಾಧಿಕಾರಿಗಳಲ್ಲಿ ತಿದ್ದುಪಡಿ ನೋಂದಾಯಿಸಿದರೆ ಮುಗಿಯಿತು. ಈ ವ್ಯತ್ಯಾಸವನ್ನು ಸಭೆಗೆ ಮನದಟ್ಟು ಮಾಡಿಸಿದ್ದು ನನ್ನ ಕಾನೂನು ಪಾಂಡಿತ್ಯವಲ್ಲ, ಕ್ರಿಕೆಟ್. ಬಿಸಿಸಿಐ ಕೂಡ ನಮ್ಮಂತೆ ಒಂದು ಸಂಘವೇ; ಸುಪ್ರೀಂ ಕೋರ್ಟ್ ನೇಮಿಸಿದ ಲೋಧಾ ಸಮಿತಿಯ ಶಿಫಾರಸಿನಿಂದ ಅದರ ಪದಾಧಿಕಾರಿಗಳಿಗೆ ‘ಕೂಲಿಂಗ್ ಆಫ್’, ಅಂದರೆ ಕೆಲವು ವರ್ಷ ಅಧಿಕಾರದಲ್ಲಿದ್ದವರು ಸ್ವಲ್ಪ ಕಾಲ ಹೊರಗಿರಬೇಕೆಂಬ ನಿಯಮ, ಬಂದಿತಲ್ಲ, ಅದು ಎಲ್ಲರಿಗೂ ಗೊತ್ತಿತ್ತು. ಅದಾದ ಮೇಲೆ ನಾನು ‘ನಿಷೇಧ’ ಎನ್ನುವುದನ್ನೇ ಬಿಟ್ಟು ‘ವಿರಾಮ’ ಎಂದು ಬರೆಯತೊಡಗಿದೆ. ಮತಗಳು ಅಲ್ಲಿಂದ ತಿರುಗಿದವು.

ಎರಡನೇ ಪ್ರಯತ್ನ ಪಾಸಾಯಿತು, ಆದರೂ ಸೋತಿತು. ಒಂದೇ ಹುದ್ದೆಯಲ್ಲಿ ಎರಡು ಅವಧಿಗಿಂತ ಹೆಚ್ಚು ಇರಬಾರದು ಎಂದಷ್ಟೇ ಒಪ್ಪಿಗೆ ಸಿಕ್ಕಿತು. ಅಧ್ಯಕ್ಷರು ಕಾರ್ಯದರ್ಶಿಯಾದರು, ಕಾರ್ಯದರ್ಶಿ ಖಜಾಂಚಿಯಾದರು, ಖಜಾಂಚಿ ಮೇಲೆ ಹತ್ತಿ ಅಧ್ಯಕ್ಷರಾದರು. 2008ರಲ್ಲಿ ಪುಟಿನ್ ಪ್ರಧಾನಿಯಾಗಿ ಮೆಡ್ವೆಡೆವ್ ಅಧ್ಯಕ್ಷರಾದಂತೆಯೇ. ಯಾರು ಎಲ್ಲಿ ಕೂತರೂ ಟ್ಯಾಂಕರ್‌ನವನು ಫೋನ್ ಮಾಡುವುದು ಅದೇ ನಂಬರಿಗೆ. ಕ್ಯಾಲಿಫೋರ್ನಿಯಾದ ಜನ 1990ರಲ್ಲಿ ಶಾಸನಸಭೆಯ ಕೆಳಮನೆಗೆ ಆರು ವರ್ಷ, ಮೇಲ್ಮನೆಗೆ ಎಂಟು ವರ್ಷ ಎಂದು ಬೇರೆ ಬೇರೆ ಮಿತಿ ಹಾಕಿ, 2012ರಲ್ಲಿ ಅದನ್ನು ಬದಲಿಸಿ ಎರಡೂ ಮನೆ ಸೇರಿ ಹನ್ನೆರಡು ವರ್ಷ ಎಂದು ಮಾಡಿಕೊಂಡರು. ಮಿಷಿಗನ್ ಕೂಡ 2022ರಲ್ಲಿ ಅದೇ ಹನ್ನೆರಡಕ್ಕೆ ಬಂತು. ಅವರ ಕಾರಣಗಳು ಬೇರೆ ಇದ್ದವು. ನಾನು ಕದ್ದದ್ದು ಎಣಿಸುವ ರೀತಿಯನ್ನು ಮಾತ್ರ: ಹುದ್ದೆಯನ್ನು ಎಣಿಸಬೇಡಿ, ಸಮಿತಿಯಲ್ಲಿ ಕಳೆದ ಒಟ್ಟು ವರ್ಷಗಳನ್ನು ಎಣಿಸಿ.

ಈಗ ದುಡ್ಡಿನ ವಿಷಯ. ಬೈಲಾ ಎಷ್ಟೇ ಚೆನ್ನಾಗಿ ಬರೆದರೂ ಹಳೆಯ ಅಧ್ಯಕ್ಷರು ಕದಲುತ್ತಿರಲಿಲ್ಲ. ಏಕೆಂದರೆ ಸಂಘ ಅವರಿಗೆ ಸಾಲಗಾರ. ಎರಡನೇ ಕೊಳವೆ ಬಾವಿ ಕೊರೆಸಿದಾಗ, ಮೋಟಾರ್ ಸುಟ್ಟಾಗ, ಉದ್ಯಾನದ ಜಾಗದ ಕೇಸಿಗೆ ಶುಲ್ಕ ಕಟ್ಟಿದಾಗ ಅವರು ಕೈಯಿಂದ ಹಾಕಿದ್ದು ಸುಮಾರು ಮೂರೂವರೆ ಲಕ್ಷ. ಬಡ್ಡಿ ಕೇಳಿದವರಲ್ಲ. ಕೇಳಿದ್ದರೆ ಎಷ್ಟೋ ಸುಲಭವಿತ್ತು! ಪ್ರತಿ ಸಭೆಯಲ್ಲೂ ಅವರ ಆಪ್ತರೊಬ್ಬರು ಎದ್ದು ‘ಮೊದಲು ಸರ್ ಅವರ ಬಾಕಿ ತೀರಿಸಿ, ಆಮೇಲೆ ಮಾತಾಡಿ’ ಎಂದರೆ ಎಲ್ಲರೂ ತಲೆ ತಗ್ಗಿಸುತ್ತಿದ್ದರು. ಅವಧಿ ಮಿತಿ ತರಬೇಕೆಂದಿರುವವರು ಮೊದಲು ಜಮಾ-ಖರ್ಚಿನಲ್ಲಿ ‘ಕೈಗಡ’ ಎಂಬ ಸಾಲು ಇದೆಯೇ ನೋಡಿ. ಇದ್ದರೆ ಬೈಲಾ ಪಕ್ಕಕ್ಕಿಡಿ.

ನಿವೇಶನಕ್ಕೆ ಒಂದೂವರೆ ಸಾವಿರದಂತೆ ವಿಶೇಷ ವಂತಿಗೆ ಎತ್ತಿದೆವು. ನಾನೂರು ಚಿಲ್ಲರೆ ನಿವೇಶನಗಳಲ್ಲಿ ಕೊಟ್ಟವರು ಇನ್ನೂರೈವತ್ತರ ಆಸುಪಾಸು. ಒಂದೂವರೆ ವರ್ಷ ಹಿಡಿಯಿತು. ಕೊನೆಯ ಕಂತನ್ನು ಚೆಕ್ಕಿನಲ್ಲಿ, ಮಹಾಸಭೆಯ ವೇದಿಕೆಯ ಮೇಲೆ, ಶಾಲು ಹೊದಿಸಿ, ಹಾರ ಹಾಕಿ ಕೊಟ್ಟೆವು. ಶಾಲಿಗೆ ಆರುನೂರು ರೂಪಾಯಿ. ಈ ಇಡೀ ವ್ಯವಹಾರದಲ್ಲಿ ಅತ್ಯಂತ ಫಲ ಕೊಟ್ಟ ಆರುನೂರು ರೂಪಾಯಿ ಅದೇ. ಮುಂದಿನ ವರ್ಷ, ಅಂದರೆ 2018ರಲ್ಲಿ, ಮಿತಿಯ ನಿರ್ಣಯವನ್ನು ಮಂಡಿಸಿದ್ದು ಸ್ವತಃ ಹಳೆಯ ಅಧ್ಯಕ್ಷರೇ. ಅವರನ್ನು ಹೇಗೆ ಒಪ್ಪಿಸಿದೆ ಎಂಬುದನ್ನು ಇಲ್ಲಿ ಬರೆಯುವುದಿಲ್ಲ. ಅದರಲ್ಲಿ ಮೋಸವೇನೂ ಇಲ್ಲ, ಆದರೆ ಇನ್ನೊಂದು ಕಡೆ ಬಳಸುವ ಯೋಚನೆಯಿದೆ.

ಪಾಸಾದ ನಿಯಮ ಹೀಗಿದೆ. ಹನ್ನೆರಡು ಜನರ ಸಮಿತಿ, ಮೂರು ವರ್ಷದ ಅವಧಿ, ವರ್ಷಕ್ಕೆ ನಾಲ್ವರ ನಿವೃತ್ತಿ. ಯಾವ ಹುದ್ದೆಯಾದರೂ ಸರಿ, ಸತತ ಆರು ವರ್ಷ ತುಂಬಿದವರು ಮೂರು ವರ್ಷ ವಿರಾಮ ತೆಗೆದುಕೊಳ್ಳಬೇಕು. ನಡುವೆ ಆರು ತುಂಬಿದರೆ ಇರುವ ಅವಧಿ ಮುಗಿಸಬಹುದು, ಮತ್ತೆ ನಿಲ್ಲುವಂತಿಲ್ಲ. ಎಣಿಕೆ 2018ರಿಂದ, ಹಿಂದಿನದು ಮಾಫಿ. ‘ಗೌರವಾಧ್ಯಕ್ಷ’, ‘ಸಲಹೆಗಾರ’ ಎಂದು ಹೊಸ ಕುರ್ಚಿ ಸೃಷ್ಟಿಸಿದರೂ ಅದು ಸಮಿತಿಯ ಕುರ್ಚಿಯೇ. ಮತ್ತು ಈ ನಿಯಮವನ್ನು ಯಾವ ಸಮಿತಿ ಬದಲಿಸುತ್ತದೋ ಆ ಸಮಿತಿಯವರಿಗೆ ಅದರ ಲಾಭ ಸಿಗುವುದಿಲ್ಲ.

ವರ್ಷಕ್ಕೆ ಮೂರನೇ ಒಂದು ಭಾಗ ಹೊರಡುವುದು ರಾಜ್ಯಸಭೆಯ, ನಮ್ಮ ವಿಧಾನ ಪರಿಷತ್ತಿನ ಉಪಾಯ. ಅಲ್ಲಿ ಎರಡು ವರ್ಷಕ್ಕೊಮ್ಮೆ. 1952ರಲ್ಲಿ ರಾಜ್ಯಸಭೆ ಶುರುವಾದಾಗ ಯಾರು ಎರಡೇ ವರ್ಷಕ್ಕೆ, ಯಾರು ನಾಲ್ಕಕ್ಕೆ ಎಂಬುದನ್ನು ಚೀಟಿ ಎತ್ತಿ ತೀರ್ಮಾನಿಸಿದ್ದರು. ನಾವೂ ಸ್ಟೀಲ್ ಡಬ್ಬಿಯಲ್ಲಿ ಚೀಟಿ ಹಾಕಿ ಎತ್ತಿದೆವು. ಹಳೆಯ ಅಧ್ಯಕ್ಷರಿಗೆ ಮೂರು ವರ್ಷದ ಚೀಟಿ ಬಂತು. 2021ರಲ್ಲಿ ಮತ್ತೆ ಅವಿರೋಧವಾಗಿ ಆಯ್ಕೆಯಾದರು, 2024ಕ್ಕೆ ಆರು ತುಂಬಿತು.

ಇನ್ನು ಹೆಂಡತಿಯರ ಪ್ರಶ್ನೆ. ಗ್ರಾಮ ಪಂಚಾಯಿತಿಯಲ್ಲಿ ಅಧ್ಯಕ್ಷೆ ಮನೆಯಲ್ಲಿ, ಅಧ್ಯಕ್ಷೆಯ ಪತಿ ಕಚೇರಿಯಲ್ಲಿ ಇರುವುದನ್ನು ಕಂಡವರು ನಾವು. ರಕ್ತಸಂಬಂಧಿ, ವಿವಾಹ ಸಂಬಂಧಿ ಎಂದು ಪಟ್ಟಿ ಬರೆಯಲು ಹೋದರೆ ಪುಟ ಸಾಲದು. ಎಣಿಕೆಯನ್ನು ವ್ಯಕ್ತಿಗೆ ಹಾಕದೆ ನಿವೇಶನಕ್ಕೆ ಹಾಕಿದೆವು. ಒಂದು ನಿವೇಶನ, ಒಂದು ಸದಸ್ಯತ್ವ, ಒಂದು ಲೆಕ್ಕ. ಗಂಡನೋ ಹೆಂಡತಿಯೋ ಮಗನೋ, ಯಾರು ಕೂತರೂ ಆರೇ ವರ್ಷ. ಎರಡು ನಿವೇಶನ ಇರುವವರನ್ನು ಹಿಡಿಯಲು ಇನ್ನೊಂದು ಸಾಲಿದೆ. ಅದನ್ನು ಇಲ್ಲಿ ಹಾಕಿದರೆ ನಾಳೆಯೇ ಅದಕ್ಕೂ ಕಿಂಡಿ ಹುಡುಕುತ್ತಾರೆ.

ಇದು ಹೊಸ ತಂತ್ರವೆಂದು ಬೀಗುತ್ತಿದ್ದೆ. ಆಮೇಲೆ ತಮಿಳುನಾಡಿನ ಉತ್ತರಮೇರೂರಿನ ಶಾಸನದ ವಿವರ ಓದಿದೆ. ಹತ್ತನೇ ಶತಮಾನದ ಆರಂಭದ್ದು, ಚೋಳ ದೊರೆ ಪರಾಂತಕನ ಕಾಲದ್ದು. ಮಡಕೆಯಲ್ಲಿ ಓಲೆ ಹಾಕಿ ಸಮಿತಿಯವರನ್ನು ಆರಿಸುತ್ತಿದ್ದರು. ಹಿಂದಿನ ಮೂರು ವರ್ಷಗಳಲ್ಲಿ ಸಮಿತಿಯಲ್ಲಿದ್ದವರ ಹೆಸರು ಮಡಕೆಗೆ ಬೀಳುವಂತಿರಲಿಲ್ಲ. ಸಮಿತಿಯಲ್ಲಿದ್ದು ಲೆಕ್ಕ ಒಪ್ಪಿಸದವನು ಮಾತ್ರವಲ್ಲ, ಅವನ ಬಂಧುಗಳೂ ಅನರ್ಹರು. ನಮ್ಮ ವಿರಾಮವೂ ಮೂರೇ ವರ್ಷ, ಕಾಕತಾಳೀಯ. ಆ ಹುರುಪಿನಲ್ಲಿ ಎರಡು ಉಪಸಮಿತಿಗಳನ್ನು ಚೀಟಿಯಿಂದಲೇ ಆರಿಸಿ ನೋಡಿದೆವು. ಲೆಕ್ಕ ತಪಾಸಣೆಯ ಉಪಸಮಿತಿ ಅದ್ಭುತವಾಗಿ ನಡೆಯಿತು, ಯಾರಿಗೂ ಯಾರ ಮುಲಾಜಿಲ್ಲ. ಟ್ಯಾಂಕರ್ ಬಿಲ್ಲಿನಲ್ಲಿ ಹಳೆಯ ಎರಡು ಪಾವತಿ ಎರಡೆರಡು ಸಲ ಆಗಿದ್ದನ್ನು ಹಿಡಿದರು. ಉದ್ಯಾನದ ಉಪಸಮಿತಿ ಒಂದು ಸಲವೂ ಸೇರಲಿಲ್ಲ. ಕಾಗದ ನೋಡುವ ಕೆಲಸಕ್ಕೆ ಚೀಟಿ ಸರಿ, ಬಿಸಿಲಲ್ಲಿ ನಿಲ್ಲುವ ಕೆಲಸಕ್ಕೆ ಆಸೆಪಟ್ಟು ಬಂದವರೇ ಬೇಕು.

ಕೋವಿಡ್ ಬಂದಾಗ ಎಲ್ಲ ಕೆಡುವುದರಲ್ಲಿತ್ತು. 2020ರಲ್ಲಿ ಮಹಾಸಭೆ ನಡೆಯಲಿಲ್ಲ. ಹೊರಡಬೇಕಿದ್ದ ನಾಲ್ವರು ಹಾಗೇ ಉಳಿದರು. ಆ ವರ್ಷ ಕೆಲಸವೇ ಆಗಿಲ್ಲ, ಆದ್ದರಿಂದ ಎಣಿಸಬಾರದು ಎಂದು ವಾದ ಎದ್ದಿತು. ಚೆಕ್ಕಿಗೆ ಸಹಿ ಮಾಡಿದ್ದೀರೋ ಇಲ್ಲವೋ ಎಂದು ಕೇಳಿದೆ. ಮಾಡಿದ್ದರು. ಎಣಿಕೆಗೆ ಬಂತು.

ಖರ್ಚು ಹೇಳಿಬಿಡುತ್ತೇನೆ. ವ್ಯರ್ಥವಾದ ಮೊದಲ ಕರಡು ಬಿಟ್ಟು, ಊರಿನಲ್ಲಿಲ್ಲದ ನೂರಿಪ್ಪತ್ತು ಸದಸ್ಯರಿಗೆ ರಿಜಿಸ್ಟರ್ಡ್ ಅಂಚೆ ಐದು ಸಾವಿರದಷ್ಟು, ಹಾಲ್, ಕುರ್ಚಿ, ಉಪ್ಪಿಟ್ಟು, ಕಾಫಿ ಒಂಬತ್ತು ಸಾವಿರ, ಮುದ್ರಣ, ಓಡಾಟ, ನೋಂದಣಿ ಎಲ್ಲ ಸೇರಿ ಇಪ್ಪತ್ತು ಸಾವಿರದ ಒಳಗೆ. ಅಂಚೆಗೆ ಜಿಪುಣತನ ಬೇಡ. ನೋಟಿಸು ತಲುಪಿಲ್ಲ ಎಂಬ ಒಂದು ಅರ್ಜಿ ಸಾಕು, ತಿದ್ದುಪಡಿ ಕಚೇರಿಯ ಮೇಜಿನ ಮೇಲೆ ತಿಂಗಳುಗಟ್ಟಲೆ ಕೂರುತ್ತದೆ. ನಮ್ಮದು ಕೂತಿತ್ತು.

ಮಿತಿಗೆ ಬೆಲೆಯೂ ಇದೆ, ಮುಚ್ಚಿಡುವುದಿಲ್ಲ. ಶಾಸಕರು ಬೇಗ ಬದಲಾದರೆ ಅಧಿಕಾರ ಲಾಬಿ ಮಾಡುವವರ, ಕಾಯಂ ಸಿಬ್ಬಂದಿಯ ಕೈಗೆ ಜಾರುತ್ತದೆ ಎಂಬ ದೂರು ಅಮೆರಿಕದ ರಾಜ್ಯಗಳಲ್ಲಿ ಹಳೆಯದು. ನಮ್ಮಲ್ಲಿ ಅದು ವಾಲ್ವ್ ತಿರುಗಿಸುವವನ ಕೈಗೆ ಜಾರಿತು. ಯಾವ ರಸ್ತೆಗೆ ಯಾವ ವಾಲ್ವ್ ಎಂಬುದು ಅವನಿಗೂ ಹಳೆಯ ಅಧ್ಯಕ್ಷರಿಗೂ ಮಾತ್ರ ಗೊತ್ತು. 2024ರ ಚುನಾವಣೆಯ ನಂತರದ ಬೇಸಿಗೆಯಲ್ಲಿ ಟ್ಯಾಂಕರ್ ಖರ್ಚು ಅರವತ್ತು ಸಾವಿರದಷ್ಟು ಏರಿತು. ಈಗ ವಾಲ್ವ್‌ಗಳ ನಕ್ಷೆ ಬರೆಸಿ ಕಚೇರಿಯ ಗೋಡೆಗೆ ಹಾಕಿದ್ದೇವೆ. ಕೊಳವೆ ಬಾವಿಯ ಆಳ, ಮೋಟಾರಿನ ಎಚ್‌ಪಿ, ರಿಪೇರಿಯವನ ನಂಬರ್ ಎಲ್ಲ ಅದರಲ್ಲೇ ಇದೆ. ಹೊರಡುವ ನಾಲ್ವರು ಬರುವ ನಾಲ್ವರ ಜೊತೆ ಎರಡು ತಿಂಗಳು ಇರಬೇಕು, ಮತ ಹಾಕುವಂತಿಲ್ಲ. ನಕ್ಷೆಗೆ ಕೈ ಹಾಕಿದ್ದು ನಮ್ಮ ಸಮಿತಿಯ ಹೊಸ ಹುಡುಗಿ, ಸಿವಿಲ್ ಎಂಜಿನಿಯರ್. ಹಳೆಯ ಸಮಿತಿ ಇದ್ದಿದ್ದರೆ ಆಕೆ ಸಭೆಗೇ ಬರುತ್ತಿರಲಿಲ್ಲ.

ಕೊನೆಯದಾಗಿ ಬ್ಯಾಂಕು. ಹೊಸ ಪದಾಧಿಕಾರಿಗಳ ಪಟ್ಟಿಯನ್ನು ನೋಂದಣಾಧಿಕಾರಿಗಳಿಗೆ ಸಲ್ಲಿಸಿ, ಮೊಹರು ಬಿದ್ದ ಪ್ರತಿ ತಂದು, ನಿರ್ಣಯದ ನಕಲು, ಎಲ್ಲರ ಕೆವೈಸಿ ಕೊಟ್ಟು ಸಹಿ ಬದಲಿಸುವವರೆಗೆ ನಿಮ್ಮ ಚುನಾವಣೆ ಕಾಗದದ ಮೇಲಷ್ಟೇ ಇರುತ್ತದೆ. ನಮಗೆ ಆರು ವಾರ ಹಿಡಿಯಿತು. ಆ ಆರು ವಾರ ವಾಚ್‌ಮನ್ ಸಂಬಳದ ಚೆಕ್ಕಿಗೆ ಸಹಿ ಹಾಕಿದ್ದು ಹಳೆಯ ಅಧ್ಯಕ್ಷರೇ. ಆದ್ದರಿಂದ ಈಗ ಬೈಲಾದಲ್ಲೇ ಬರೆದುಕೊಂಡಿದ್ದೇವೆ: ಸಹಿ ಬದಲಾವಣೆಯ ಅರ್ಜಿಗೆ ಹಳಬರು ಫಲಿತಾಂಶ ಘೋಷಣೆಯಾಗುವ ಮೊದಲೇ, ಮತ ಎಣಿಸುವ ಮೇಜಿನ ಮೇಲೆಯೇ ಸಹಿ ಮಾಡಿ ಕೊಡಬೇಕು.