ಕಾಮೆಂಟರಿ ತೆಗೆದ ಮೇಲೆ ಕೇಳಿಸಿದ್ದು

ಲಂಡನ್‌ನ ಸೋಹೋದಲ್ಲಿ ಒಂದು ಎಡಿಟ್ ರೂಮಿಗೆ ಅಸಿಸ್ಟೆಂಟ್ ಆಗಿ ಸೇರಿದಾಗ ನನಗೆ ಸಿಕ್ಕಿದ್ದು ರಾತ್ರಿ ಪಾಳಿ. ರಶಸ್ (ಶೂಟ್ ಮಾಡಿ ತಂದ ಕಚ್ಚಾ ದೃಶ್ಯ) ಕಾಪಿ ಮಾಡು, ದೃಶ್ಯಕ್ಕೆ ಸೌಂಡ್ ಸಿಂಕ್ ಮಾಡು, ಯಾರು ಏನು ಹೇಳಿದರು ಅಂತ ಬರೆದಿಡು. ಬೆಳಿಗ್ಗೆ ಎಡಿಟರ್ ಬರುವ ಹೊತ್ತಿಗೆ ನಾನು ಬಸ್ ಹತ್ತಿ ಆಗಿರುತ್ತಿತ್ತು. ಕಟ್ ಮಾಡೋದನ್ನು ಹೇಳಿಕೊಡಲು ಯಾರೂ ಇರಲಿಲ್ಲ. ಹಾಗಾಗಿ ತೀರಿಕೊಂಡ ಒಬ್ಬರ ಹತ್ತಿರ ಕಲಿತೆ.

ಅವರು ಡಾಕ್ಯುಮೆಂಟರಿ ಎಡಿಟರ್ ಸ್ಟೂವರ್ಟ್ ಮೆಕ್‌ಅಲಿಸ್ಟರ್. 1914ರಲ್ಲಿ ಸ್ಕಾಟ್ಲೆಂಡಿನ ವಿಶಾದಲ್ಲಿ ಹುಟ್ಟಿದವರು, ಗ್ಲಾಸ್ಗೋದಲ್ಲಿ ಚಿತ್ರಕಲೆ ಓದಿದವರು. ಆಮೇಲೆ ಅಂಚೆ ಇಲಾಖೆಯ ಫಿಲ್ಮ್ ಯೂನಿಟ್ ಸೇರಿದರು. ಹೌದು, ಆಗ ಬ್ರಿಟನ್ನಿನ ಅಂಚೆ ಇಲಾಖೆ ಸಿನಿಮಾನೂ ಮಾಡುತ್ತಿತ್ತು! ಯುದ್ಧ ಶುರುವಾದ ಮೇಲೆ ಅದೇ ಯೂನಿಟ್ಟಿಗೆ ಕ್ರೌನ್ ಅನ್ನೋ ಹೆಸರು ಬಂತು. ಅಲ್ಲಿ ನಿರ್ದೇಶಕ ಹಂಫ್ರಿ ಜೆನ್ನಿಂಗ್ಸ್ ಜೊತೆ 1942ರಲ್ಲಿ 'ಲಿಸನ್ ಟು ಬ್ರಿಟನ್' ಮಾಡಿದರು. ಸುಮಾರು 20 ನಿಮಿಷದ ಚಿತ್ರ. ನಿರ್ದೇಶನ, ಎಡಿಟಿಂಗ್ ಎರಡಕ್ಕೂ ಇಬ್ಬರ ಹೆಸರು. ಎಡಿಟರ್‌ಗೆ ಅಂಥ ಮರ್ಯಾದೆ ಇವತ್ತಿಗೂ ಅಪರೂಪ. ಆದರೂ ಜನಕ್ಕೆ ನೆನಪಿರೋದು ಜೆನ್ನಿಂಗ್ಸ್ ಮಾತ್ರ. ಮೆಕ್‌ಅಲಿಸ್ಟರ್ 1962ರಲ್ಲಿ ತೀರಿಕೊಂಡರು. ಅವರ ಬಗ್ಗೆ ಒಂದು ಪುಸ್ತಕ ಬರಲು 1983 ಆಗಬೇಕಾಯಿತು. ಬರೆದವರು ಡಾಯ್ ವಾನ್, ಅವರೂ ಡಾಕ್ಯುಮೆಂಟರಿ ಎಡಿಟರೇ. ಇನ್ಯಾರು ಬರೀತಾರೆ, ಅಲ್ವಾ?

ಆ ಚಿತ್ರದಲ್ಲಿ ಕಾಮೆಂಟರಿ, ಅಂದರೆ ದೃಶ್ಯದ ಮೇಲೆ ವಿವರಣೆ ಹೇಳುವ ದನಿ, ಇಲ್ಲ. ಕಾರ್ಖಾನೆಯ ಕ್ಯಾಂಟೀನಿನಲ್ಲಿ ಫ್ಲ್ಯಾನಗನ್ ಮತ್ತು ಅಲೆನ್ ಜೋಡಿ ಹಾಡುತ್ತಿರುತ್ತದೆ, ಕೆಲಸಗಾರರು ಊಟ ಮಾಡುತ್ತಾ ಕೇಳುತ್ತಿರುತ್ತಾರೆ. ಒಂದು ಕಟ್. ನಾವು ಲಂಡನ್ನಿನ ಚಿತ್ರಕಲಾ ಸಂಗ್ರಹಾಲಯ ನ್ಯಾಷನಲ್ ಗ್ಯಾಲರಿಯಲ್ಲಿದ್ದೇವೆ, ಮೈರಾ ಹೆಸ್ ಪಿಯಾನೋದಲ್ಲಿ ಮೊಜಾರ್ಟ್ ನುಡಿಸುತ್ತಿದ್ದಾರೆ. ಕೇಳುಗರಲ್ಲಿ ರಾಣಿಯೂ ಇದ್ದಾರೆ. ಗೋಡೆ ಮೇಲೆ ಖಾಲಿ ಚೌಕಟ್ಟು. ಬಾಂಬ್ ಭಯಕ್ಕೆ ಚಿತ್ರಗಳನ್ನೆಲ್ಲ ವೇಲ್ಸ್‌ಗೆ ಸಾಗಿಸಿದ್ದರು. ಕ್ಯಾಂಟೀನ್ ಹಾಡಿನ ಕೊನೆಯ ಸ್ವರ ಮೊಜಾರ್ಟ್‌ನೊಳಗೆ ಹಾಗೇ ಇಳಿದುಬಿಡುತ್ತದೆ. ಕೂಲಿಯವರು, ರಾಣಿ ಎಲ್ಲ ಒಂದೇ ಅಂತ ಯಾರೂ ಬಾಯಿಬಿಟ್ಟು ಹೇಳಲ್ಲ.

ಆ ಜಾಗವನ್ನು ಅವಿಡ್ ಅನ್ನೋ ಎಡಿಟಿಂಗ್ ಸಾಫ್ಟ್‌ವೇರ್‌ನಲ್ಲಿ ಹಾಕಿಕೊಂಡು ಒಂದು ವಾರ ಗುದ್ದಾಡಿದೆ. ಮೊದಲು ಸುಮ್ನೆ ನೋಡಿದೆ. ಆಮೇಲೆ ಚಿತ್ರ ಮುಚ್ಚಿ ಕೇಳಿದೆ. ಕೊನೆಗೆ ಕಟ್ಟನ್ನು ನಾಲ್ಕು ಫ್ರೇಮ್ ಹಿಂದೆ, ನಾಲ್ಕು ಫ್ರೇಮ್ ಮುಂದೆ ಸರಿಸಿ ನೋಡಿದೆ. ಎರಡು ಕಡೆಯೂ ಕೆಟ್ಟಿತು. ನನಗೆ ಸರಿಸಲು ಒಂದು ಬಟನ್ ಸಾಕು. ಅವರಿಗೆ ಫಿಲ್ಮ್ ಕತ್ತರಿಸಿ, ಅಂಟಿಸಿ, ಮತ್ತೆ ಓಡಿಸಿ ನೋಡಬೇಕಿತ್ತು.

ನಂತರ ನಾನೇ ಒಂದು ಬೇಕರಿಯ ಮೇಲೆ ಚಿತ್ರ ಮಾಡಿದೆ. ರಾತ್ರಿ ಎರಡಕ್ಕೆ ಹಿಟ್ಟು ನಾದಲು ಶುರು, ಆರಕ್ಕೆ ಬಾಗಿಲು ತೆಗೆಯೋದು. ಮೊದಲ ಕಟ್‌ಗೆ ಮೂರು ಪುಟ ವಾಯ್ಸ್ ಓವರ್ ಬರೆದಿದ್ದೆ. ಚೆನ್ನಾಗಿದೆ ಅಂತ ನನಗೇ ಹೆಮ್ಮೆ. ಒಂದು ರಾತ್ರಿ ಆ ಟ್ರ್ಯಾಕ್ ಮ್ಯೂಟ್ ಮಾಡಿದೆ. ಚಿತ್ರ ಪಂಕ್ಚರ್ ಆದ ಟೈರಿನ ಹಾಗೆ ಕೂತುಬಿಟ್ಟಿತು. ನಾನು ಸೌಂಡ್ ತಂದೇ ಇರಲಿಲ್ಲ. ಯಾರೂ ಮಾತಾಡದಾಗ ಬೇಕರಿಯಲ್ಲಿರುವ ಸದ್ದನ್ನು ಅರ್ಧ ನಿಮಿಷವಾದರೂ ರೆಕಾರ್ಡ್ ಮಾಡಿಕೊಂಡಿರಬೇಕಿತ್ತು. ಮಾತಿದ್ದರೆ ಸಾಕು ಅಂದುಕೊಂಡಿದ್ದೆ.

ರೆಕಾರ್ಡರ್ ಹಿಡಿದು ಮತ್ತೆ ಹೋದೆ, ಕ್ಯಾಮೆರಾ ಇಲ್ಲದೆ. ಹಿಟ್ಟು ಕಲಸುವ ಮಿಕ್ಸರ್, ಟ್ರೇ ಎಳೆಯುವುದು, ಬಿಸಿ ಬ್ರೆಡ್ಡಿನ ಸಿಪ್ಪೆ ಆರುವಾಗ ಬರುವ ಸಣ್ಣ ಚಟಪಟ. ಮಿಕ್ಸರ್ ಸದ್ದನ್ನು ಮೊದಲ ಬಸ್ಸಿನ ಇಂಜಿನ್ ಸದ್ದಿಗೆ ಸೇರಿಸಲು ನೋಡಿದೆ. ಸೇರಲಿಲ್ಲ; ಶ್ರುತಿ ಬೇರೆ. ಬಸ್ಸು ಗೇರ್ ಬದಲಿಸುವ ಜಾಗಕ್ಕೆ ಸರಿಸಿದೆ, ಕೂತುಕೊಂಡಿತು. ರಾತ್ರಿ ಮುಗಿದು ಬೆಳಗಾಯಿತು ಅಂತ ಹೇಳಲು ನಾನು ಅರ್ಧ ಪುಟ ಬರೆದಿದ್ದೆ!

ಚಾನೆಲ್‌ನವರು ಒಪ್ಪಲಿಲ್ಲ. ನೋಡುವವರಿಗೆ ಅರ್ಥ ಆಗಲ್ಲ, ಶುರುವಿಗಾದರೂ ಒಂದೆರಡು ಮಾತು ಹಾಕಿ ಅಂದರು. ನಗು ಬಂತು. ಮೆಕ್‌ಅಲಿಸ್ಟರ್ ಚಿತ್ರಕ್ಕೂ ಹೀಗೇ ಕೆನಡಾದ ಲಿಯೊನಾರ್ಡ್ ಬ್ರಾಕಿಂಗ್ಟನ್ ಕೈಲಿ ಒಂದು ಪೀಠಿಕೆ ಹೇಳಿಸಿ ಮುಂದೆ ಅಂಟಿಸಿದ್ದರು. ನಾನೂ ಎರಡು ಸಾಲು ಹಾಕಿದೆ, ಬಾಡಿಗೆ ಕಟ್ಟಬೇಕಿತ್ತು.

ಬೇಕರಿಯ ಯಜಮಾನರಿಗೆ ಕರೆದು ತೋರಿಸಿದೆ. ಕೊನೆವರೆಗೂ ಸುಮ್ಮನೆ ನೋಡಿದರು. "ನಮ್ಮ ಮಿಕ್ಸರ್ ಅಷ್ಟು ಸದ್ದು ಮಾಡುತ್ತಾ?" ಅಂತ ಕೇಳಿದರು. ಮುಂದಿನ ವಾರ ಬೇರಿಂಗ್ ಬದಲಾಯಿಸಿದ್ದರು.